ಲೆಕ್ಕದ ಭಯದಿಂದ ಯಾರಿಗೆ ಲಾಭ? ಯಾಕೊವ್ ಪೆರೆಲ್ಮನ್ ಬದುಕಿನ ಪಾಠ

ನಮ್ಮಪ್ಪ ಸರ್ಕಾರಿ ಬಸ್ಸಿನ ಕಂಡಕ್ಟರ್ ಆಗಿದ್ದರು. ಎಂಬತ್ತರ ದಶಕದ ಕೊನೆಯಲ್ಲಿ ಒಮ್ಮೆ ಡ್ಯೂಟಿ ಮೇಲೆ ಬೆಂಗಳೂರಿಗೆ ಬಂದಾಗ ಮೆಜೆಸ್ಟಿಕ್ ಹತ್ತಿರದ ನವಕರ್ನಾಟಕ ಪುಸ್ತಕ ಮಳಿಗೆಯಿಂದ ಒಂದು ಪುಸ್ತಕ ತಂದಿದ್ದರು. ಸೋವಿಯತ್ ಒಕ್ಕೂಟದಲ್ಲಿ ಅಚ್ಚಾದ ‘ಮ್ಯಾಥಮ್ಯಾಟಿಕ್ಸ್ ಕ್ಯಾನ್ ಬಿ ಫನ್’. ಬರೆದವರು ಯಾಕೊವ್ ಪೆರೆಲ್ಮನ್. ಅಪ್ಪನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಗಟ್ಟಿ ರಟ್ಟು, ಒಳಗೆ ಚಿತ್ರಗಳು, ಬೆಲೆಯೂ ಕಡಿಮೆ. ಮುಂದೆ ಮಕ್ಕಳು ಓದಲಿ ಅಂತ ತಂದಿಟ್ಟರು. ಅದು ಎಷ್ಟೋ ವರ್ಷ ನಮ್ಮನೆ ಗೋಡೆ ಗೂಡಿನಲ್ಲಿ ಹಳೇ ಪಂಚಾಂಗಗಳ ಜೊತೆ ಸುಮ್ಮನೆ ಕೂತಿತ್ತು.

ನಾನು ಪಿಯುಸಿಯಲ್ಲಿದ್ದಾಗ ನಮ್ಮ ಚಿಕ್ಕಮ್ಮ ಒಂದು ಕಂಪನಿಗೆ ಎಂಟು ಸಾವಿರ ರೂಪಾಯಿ ಕಟ್ಟಿದರು. ಕಂಪನಿ ಹೆಸರು ಬೇಡ. ನೀವು ಸೇರಿ, ನಿಮ್ಮ ಕೆಳಗೆ ನಾಲ್ಕು ಜನರನ್ನು ಸೇರಿಸಿ, ಅವರು ತಲಾ ನಾಲ್ಕು ಜನರನ್ನು ಸೇರಿಸಲಿ, ಆಮೇಲೆ ಕೂತಲ್ಲೇ ದುಡ್ಡು ಬರುತ್ತೆ ಅನ್ನೋ ವ್ಯವಹಾರ. ಚಿಕ್ಕಮ್ಮನಿಗೆ ಸಿಕ್ಕಿದ್ದು ಇಬ್ಬರು, ಅದೂ ಪಕ್ಕದ ಬೀದಿಯ ಗೆಳತಿಯರು. ಅವರಿಗೆ ಒಬ್ಬರೂ ಸಿಗಲಿಲ್ಲ. ದುಡ್ಡು ಹೋಯ್ತು. ಅದಕ್ಕಿಂತ ಹೆಚ್ಚಾಗಿ, ಆ ಇಬ್ಬರು ಇವತ್ತಿಗೂ ಚಿಕ್ಕಮ್ಮನ ಜೊತೆ ಮಾತಾಡೋದಿಲ್ಲ.

ಆ ವರ್ಷ ಬೇಸಿಗೆ ರಜೆಯಲ್ಲಿ ನಾನು ಗೂಡಿನ ಪುಸ್ತಕವನ್ನು ಡಿಕ್ಷನರಿ ಪಕ್ಕಕ್ಕಿಟ್ಟುಕೊಂಡು ಓದತೊಡಗಿದೆ. ಅದರಲ್ಲಿ ಸೈಕಲ್‌ಗಳ ಬಗ್ಗೆ ಒಂದು ಕಥೆಯಿದೆ. ಕ್ರಾಂತಿಗೆ ಮುಂಚಿನ ರಷ್ಯಾದಲ್ಲಿ ನಡೆಯುತ್ತಿದ್ದ ದಂಧೆ ಅದು. 50 ರೂಬಲ್ ಬೆಲೆಯ ಸೈಕಲ್ ಬರೀ 10 ರೂಬಲ್‌ಗೆ ಅಂತ ಜಾಹೀರಾತು. ಹತ್ತು ರೂಬಲ್ ಕಳಿಸಿದರೆ ಸೈಕಲ್ ಬರೋದಿಲ್ಲ, ನಾಲ್ಕು ಕೂಪನ್ ಬರುತ್ತವೆ. ಅವನ್ನು ಹತ್ತತ್ತು ರೂಬಲ್‌ಗೆ ನಾಲ್ಕು ಜನರಿಗೆ ಮಾರಬೇಕು. ಹೀಗೆ ಕೊಂಡವರು ಮತ್ತೆ ಬೇರೆಯವರನ್ನು ಹುಡುಕಬೇಕು. ಸೈಕಲ್ ಜಾಗದಲ್ಲಿ ಚಿಕ್ಕಮ್ಮನ ಕಂಪನಿಯ ಕಿಟ್ ಇಟ್ಟರೆ ಸಾಕು, ಕಥೆಯಲ್ಲಿ ಬೇರೇನೂ ಬದಲಾಯಿಸಬೇಕಿಲ್ಲ.

ಲೆಕ್ಕ ನೋಡಿ. ಪ್ರತಿಯೊಬ್ಬರೂ ನಾಲ್ಕು ಜನರನ್ನು ತರಬೇಕು ಅಂದರೆ ಮೊದಲ ಸುತ್ತಿಗೆ 4, ಆಮೇಲೆ 16, 64, 256. ಹತ್ತನೇ ಸುತ್ತಿಗೆ ಬೇಕಾಗುವ ಹೊಸಬರು 10,48,576. ಹದಿಮೂರನೇ ಸುತ್ತಿಗೆ 6,71,08,864. 2011ರ ಜನಗಣತಿಯಲ್ಲಿ ಕರ್ನಾಟಕದ ಜನಸಂಖ್ಯೆ ಸುಮಾರು 6.11 ಕೋಟಿ. ಅಂದರೆ ತೊಟ್ಟಿಲ ಕೂಸನ್ನು ಸೇರಿಸಿಕೊಂಡರೂ ಇಡೀ ರಾಜ್ಯ ಸಾಲೋದಿಲ್ಲ. ಇನ್ನೊಂದು ವಿಷಯ: ಸರಪಳಿ ಯಾವ ಸುತ್ತಿನಲ್ಲಿ ನಿಂತರೂ, ಸೇರಿದವರಲ್ಲಿ ಸುಮಾರು ಮುಕ್ಕಾಲು ಪಾಲು ಜನ ಕೊನೆಯ ಸುತ್ತಿನಲ್ಲೇ ಇರುತ್ತಾರೆ. ಅವರಿಗೆ ಯಾರೂ ಸಿಗೋದಿಲ್ಲ. ಚಿಕ್ಕಮ್ಮನ ಗೆಳತಿಯರದ್ದು ದುರದೃಷ್ಟ ಅಲ್ಲ, ಗುಣಾಕಾರ. ಅದನ್ನು ವಿವರಿಸುವ ಪುಸ್ತಕ ನಮ್ಮನೆಯಲ್ಲೇ ಇತ್ತು.

ಯಾರೀ ಮನುಷ್ಯ ಅಂತ ಹುಡುಕಿದ್ದು ಆವಾಗ.

ಯಾಕೊವ್ ಇಸಿದೊರೊವಿಚ್ ಪೆರೆಲ್ಮನ್ ಹುಟ್ಟಿದ್ದು 1882ರಲ್ಲಿ, ಬಿಯಾಲಿಸ್ಟಾಕ್ ಎಂಬ ಊರಿನಲ್ಲಿ. ಈಗ ಅದು ಪೋಲೆಂಡಿನಲ್ಲಿದೆ, ಆಗ ರಷ್ಯಾದ ತ್ಸಾರ್ ಸಾಮ್ರಾಜ್ಯಕ್ಕೆ ಸೇರಿತ್ತು. ಯಹೂದಿ ಕುಟುಂಬ. ತಂದೆ ಲೆಕ್ಕ ಬರೆಯುವ ಕೆಲಸದಲ್ಲಿದ್ದರು, ತಾಯಿ ಶಿಕ್ಷಕಿ. ಯಾಕೊವ್ ಕೂಸಾಗಿದ್ದಾಗಲೇ ತಂದೆ ತೀರಿಕೊಂಡರು. ಮಕ್ಕಳನ್ನು ಓದಿಸಿದ್ದು ತಾಯಿ.

ಅವರು ಬೆಳೆದ ಕಾಲ ಹೇಗಿತ್ತು ಅನ್ನೋದು ಮುಖ್ಯ. 1887ರಲ್ಲಿ ತ್ಸಾರ್ ಸರ್ಕಾರ ಪ್ರೌಢಶಾಲೆ, ಕಾಲೇಜುಗಳಿಗೆ ಸೇರುವ ಯಹೂದಿ ವಿದ್ಯಾರ್ಥಿಗಳಿಗೆ ಮಿತಿ ಹಾಕಿತು. ರಾಜಧಾನಿಯಲ್ಲಿ ಆ ಮಿತಿ ನೂರಕ್ಕೆ ಮೂರು. ಇದು ಹಿಂದುಳಿದವರಿಗೆ ಬಾಗಿಲು ತೆರೆಯುವ ಮೀಸಲಾತಿ ಅಲ್ಲ, ಇರುವ ಬಾಗಿಲು ಮುಚ್ಚುವ ಕೋಟಾ. 1906ರಲ್ಲಿ ಬಿಯಾಲಿಸ್ಟಾಕ್‌ನಲ್ಲೇ ಯಹೂದಿಗಳ ಹತ್ಯಾಕಾಂಡ ನಡೆಯಿತು. ಇಂಥಾ ಊರಿನಿಂದ ಬಂದ ಹುಡುಗ ಜ್ಞಾನದ ಬಾಗಿಲನ್ನು ಎಲ್ಲರಿಗೂ ತೆರೆದಿಡುವ ಕೆಲಸವನ್ನು ಬದುಕಿಡೀ ಮಾಡಿದ.

ಅವರ ಮೊದಲ ಲೇಖನ 1899ರದ್ದು. ಆ ವರ್ಷ ಆಕಾಶದಿಂದ ಬೆಂಕಿಮಳೆ ಸುರಿಯುತ್ತೆ, ಲೋಕ ಮುಳುಗುತ್ತೆ ಅಂತ ಪುಕಾರು ಎದ್ದಿತ್ತು. ಜನ ನಿಜಕ್ಕೂ ಹೆದರಿದ್ದರು. ಇನ್ನೂ ಹದಿನಾರು ತುಂಬಿ ಹದಿನೇಳು ಮುಟ್ಟದ ಪೆರೆಲ್ಮನ್ ಪತ್ರಿಕೆಗೆ ಬರೆದು, ಅದು ಪ್ರಳಯ ಅಲ್ಲ, ಲಿಯೊನಿಡ್ ಉಲ್ಕೆಗಳು, ಅವು ಲೆಕ್ಕದ ಪ್ರಕಾರ ಮರಳಿ ಬರುತ್ತವೆ ಅಂತ ವಿವರಿಸಿದರು. ನಮ್ಮಲ್ಲಿ ಗ್ರಹಣದ ದಿನ ಟಿವಿ ಚಾನೆಲ್‌ಗಳು ಏನು ಮಾಡುತ್ತವೆ ಅಂತ ನಿಮಗೆ ಗೊತ್ತಲ್ಲ. ನೂರಿಪ್ಪತ್ತೈದು ವರ್ಷದ ಹಿಂದೆ ಒಬ್ಬ ಶಾಲಾ ಹುಡುಗ ಮಾಡಿದ ಕೆಲಸವನ್ನು ಆ ಸ್ಟುಡಿಯೊಗಳು ಇನ್ನೂ ಶುರು ಮಾಡಿಲ್ಲ.

1901ರಲ್ಲಿ ಪೆರೆಲ್ಮನ್ ಸೇಂಟ್ ಪೀಟರ್ಸ್‌ಬರ್ಗ್‌ನ ಅರಣ್ಯ ಸಂಸ್ಥೆ ಸೇರಿದರು. ಓದಿದ್ದು ಅರಣ್ಯಶಾಸ್ತ್ರ. ಮನಸ್ಸಿದ್ದದ್ದು ‘ಪ್ರಕೃತಿ ಮತ್ತು ಜನರು’ ಎಂಬ ಅರ್ಥದ ಹೆಸರಿನ ವಾರಪತ್ರಿಕೆಯಲ್ಲಿ. ವಿದ್ಯಾರ್ಥಿಯಾಗಿದ್ದಾಗಲೇ ಅದಕ್ಕೆ ಬರೆಯತೊಡಗಿದರು, ಮುಂದೆ ಅದರ ಸಂಪಾದಕರೂ ಆದರು. 1909ರಲ್ಲಿ ಪದವಿ ಬಂತು. ಕಾಡಿನ ಕೆಲಸಕ್ಕೆ ಮಾತ್ರ ಹೋಗಲಿಲ್ಲ.

1913ರಲ್ಲಿ ಬಂದ ಮೊದಲ ಪುಸ್ತಕ ‘ಫಿಸಿಕ್ಸ್ ಫಾರ್ ಎಂಟರ್‌ಟೇನ್‌ಮೆಂಟ್’ ಎಂದು ನಾವು ಇಂಗ್ಲಿಷಿನಲ್ಲಿ ಓದುವಂಥದ್ದು. ಪುಸ್ತಕ ಕೈಯಿಂದ ಕೈಗೆ ಓಡಾಡಿತು. ಹೆಸರಾಂತ ಭೌತಶಾಸ್ತ್ರ ಪ್ರಾಧ್ಯಾಪಕ ಖ್ವೋಲ್ಸನ್‌ಗೆ ಇದನ್ನು ಬರೆದವರು ವಿಜ್ಞಾನಿ ಅಲ್ಲ, ಅರಣ್ಯ ಪದವೀಧರ ಅಂತ ಗೊತ್ತಾಗಿ ಆಶ್ಚರ್ಯವಾಯಿತಂತೆ. ಅರಣ್ಯಾಧಿಕಾರಿಗಳು ಬೇಕಾದಷ್ಟಿದ್ದಾರೆ, ಹೀಗೆ ಬರೆಯುವವರು ಇಲ್ಲ, ಬರೆಯೋದು ನಿಲ್ಲಿಸಬೇಡಿ ಎಂಬರ್ಥದಲ್ಲಿ ಅವರು ಹುರಿದುಂಬಿಸಿದರು ಅಂತ ಜೀವನಚರಿತ್ರೆಕಾರರು ಹೇಳುತ್ತಾರೆ. 1915ರಲ್ಲಿ ಅನ್ನಾ ಕಮಿನ್‌ಸ್ಕಾಯಾ ಎಂಬ ವೈದ್ಯೆಯನ್ನು ಮದುವೆಯಾದರು. ಅದೇ ವರ್ಷ ಗ್ರಹಗಳ ನಡುವಿನ ಪ್ರಯಾಣದ ಬಗ್ಗೆ ಪುಸ್ತಕ ಬಂತು. ಕಲೂಗಾ ಎಂಬ ಸಣ್ಣ ಊರಿನಲ್ಲಿ ಕಿವಿ ಕೇಳದ ಶಾಲಾ ಮೇಷ್ಟ್ರೊಬ್ಬರು, ತ್ಸಿಯೊಲ್ಕೋವ್‌ಸ್ಕಿ, ರಾಕೆಟ್ಟಿನ ಗಣಿತ ಬರೆದಿಟ್ಟಿದ್ದರು. ಅದನ್ನು ಸಾಮಾನ್ಯ ಓದುಗರ ತನಕ ತಂದವರಲ್ಲಿ ಪೆರೆಲ್ಮನ್ ಮೊದಲಿಗರು.

ಮೊದಲ ಮಹಾಯುದ್ಧದ ಹೊತ್ತಿಗೆ ಪೆಟ್ರೊಗ್ರಾಡ್‌ನಲ್ಲಿ ಇಂಧನಕ್ಕೆ ಬರ ಬಂತು. ಇಂಧನ ಸಮಿತಿಯಲ್ಲಿ ಕೆಲಸಕ್ಕಿದ್ದ ಪೆರೆಲ್ಮನ್, ಬೇಸಿಗೆಯಲ್ಲಿ ಗಡಿಯಾರವನ್ನು ಒಂದು ತಾಸು ಮುಂದಿಟ್ಟರೆ ಸಂಜೆ ದೀಪದ ಖರ್ಚು ಉಳಿಯುತ್ತೆ ಅಂತ ಸಲಹೆ ಕೊಟ್ಟರು. 1917ರಲ್ಲಿ ಅದು ಜಾರಿಗೂ ಬಂತು. ಅವರ ಗಣಿತ ಯಾವತ್ತೂ ಅಡುಗೆಮನೆ, ಬೀದಿ, ಗಡಿಯಾರ ಬಿಟ್ಟು ದೂರ ಹೋಗಲಿಲ್ಲ.

ಕ್ರಾಂತಿ ಆಯಿತು. 1897ರ ಜನಗಣತಿಯ ಪ್ರಕಾರ ಆ ಸಾಮ್ರಾಜ್ಯದಲ್ಲಿ ಓದುಬರಹ ಬಲ್ಲವರು ನೂರಕ್ಕೆ ಸುಮಾರು 21 ಜನ. ಹೊಸ ಸರ್ಕಾರ 1919ರಲ್ಲಿ ಅನಕ್ಷರತೆ ತೊಲಗಿಸುವ ಆದೇಶ ಹೊರಡಿಸಿತು. ಕಾರ್ಖಾನೆ, ಸೈನ್ಯ, ಹಳ್ಳಿ, ಎಲ್ಲೆಡೆ ದೊಡ್ಡವರು ಅಕ್ಷರ ಕಲಿಯತೊಡಗಿದರು. ಅಕ್ಷರ ಬಂದಮೇಲೆ ಏನು ಓದೋದು? ಆ ಪ್ರಶ್ನೆಗೆ ಸಿಕ್ಕ ಉತ್ತರಗಳಲ್ಲಿ ಪೆರೆಲ್ಮನ್ ಒಬ್ಬರು. 1918ರಿಂದ 1923ರವರೆಗೆ ಶಿಕ್ಷಣ ಇಲಾಖೆಯಲ್ಲಿ ಕೆಲಸ ಮಾಡಿ ಹೊಸ ಶಾಲೆಗಳಿಗೆ ಗಣಿತ, ಭೌತಶಾಸ್ತ್ರದ ಪಠ್ಯಕ್ರಮ ರೂಪಿಸಿದರು. ನಂತರದ ವರ್ಷಗಳಲ್ಲಿ ಅಂಕಗಣಿತ, ರೇಖಾಗಣಿತ, ಬೀಜಗಣಿತ, ಖಗೋಳಶಾಸ್ತ್ರ ಒಂದೊಂದಕ್ಕೂ ಅವರ ಮೋಜಿನ ಪುಸ್ತಕ ಬಂತು.

ಮೋಜು ಅಂದ ತಕ್ಷಣ ಕಹಿ ಗುಳಿಗೆಗೆ ಬೆಲ್ಲ ಸವರೋದು ಅಂದುಕೊಳ್ಳಬೇಡಿ. ಪೆರೆಲ್ಮನ್ ಲೆಕ್ಕವನ್ನು ಕತ್ತರಿಸಿ ಸುಲಭ ಮಾಡಲಿಲ್ಲ. ನಿಮಗೆ ಗೊತ್ತಿರುವ ಸಂಗತಿಯನ್ನೇ ಎತ್ತಿಕೊಂಡು, ಇದು ನಿಮಗೆ ನಿಜಕ್ಕೂ ಗೊತ್ತಾ ಅಂತ ಕೇಳೋದು ಅವರ ರೀತಿ. ಹತ್ತು ಜನ ಗೆಳೆಯರು ಹೋಟೆಲ್‌ಗೆ ಹೋಗುತ್ತಾರೆ, ಯಾರು ಎಲ್ಲಿ ಕೂರಬೇಕು ಅಂತ ಜಗಳ ಬೀಳುತ್ತೆ. ದಿನಾ ಬನ್ನಿ, ದಿನಕ್ಕೊಂದು ರೀತಿ ಕೂತ್ಕೊಳ್ಳಿ, ಎಲ್ಲ ರೀತಿಗಳೂ ಮುಗಿದ ಮೇಲೆ ಊಟ ಪುಕ್ಕಟೆ ಅಂತ ಹೋಟೆಲಿನವರು ಮಾತು ಕೊಡುತ್ತಾರೆ. ಗೆಳೆಯರಿಗೆ ಖುಷಿಯೋ ಖುಷಿ. ಆದರೆ ಹತ್ತು ಜನ ಕೂರುವ ರೀತಿಗಳು 36,28,800. ದಿನಕ್ಕೊಂದರಂತೆ ಮುಗಿಸಲು ಹತ್ತಿರಹತ್ತಿರ ಹತ್ತು ಸಾವಿರ ವರ್ಷ ಬೇಕು. ಚುನಾವಣೆ ಹೊತ್ತಿನಲ್ಲಿ ಭರವಸೆಗಳ ಪಟ್ಟಿ ಓದುವಾಗ ನನಗೆ ಈ ಹೋಟೆಲಿನವರೇ ನೆನಪಾಗುತ್ತಾರೆ.

ಇನ್ನೊಂದು ಕಥೆ ಗಾಳಿಸುದ್ದಿಯದ್ದು. 50,000 ಜನರಿರುವ ಊರಿಗೆ ಬೆಳಗ್ಗೆ ಎಂಟಕ್ಕೆ ಒಬ್ಬ ಸುದ್ದಿ ತರುತ್ತಾನೆ. ಕಾಲು ಗಂಟೆಯಲ್ಲಿ ಮೂವರಿಗೆ ಹೇಳುತ್ತಾನೆ. ಹೊಸದಾಗಿ ಕೇಳಿದ ಪ್ರತಿಯೊಬ್ಬರೂ ಮುಂದಿನ ಕಾಲು ಗಂಟೆಯಲ್ಲಿ ಮತ್ತೆ ಮೂವರಿಗೆ ಹೇಳುತ್ತಾರೆ. ಎಂಟೂಕಾಲಿಗೆ ಸುದ್ದಿ ಗೊತ್ತಿರುವವರು 4, ಎಂಟೂವರೆಗೆ 13, ಒಂಬತ್ತಕ್ಕೆ 121. ಇಷ್ಟೇನಾ ಅನ್ನಿಸುತ್ತೆ. ಹತ್ತಕ್ಕೆ 9,841, ಹತ್ತೂಕಾಲಿಗೆ 29,524. ಹತ್ತೂವರೆಗೆ ಮುಂಚೆ ಇಡೀ ಊರಿಗೆ ಗೊತ್ತು. ಇದು ಕಾಲ್ನಡಿಗೆಯ ಕಾಲದ ಲೆಕ್ಕ. ಮಕ್ಕಳ ಕಳ್ಳರು ಬಂದಿದ್ದಾರೆ ಎಂಬ ವಾಟ್ಸಾಪ್ ಸುಳ್ಳು ನಂಬಿ ನಮ್ಮ ದೇಶದಲ್ಲಿ, ನಮ್ಮದೇ ಬೀದರ್ ಜಿಲ್ಲೆಯಲ್ಲಿ, 2018ರಲ್ಲಿ ಜನ ಅಮಾಯಕರನ್ನು ಹೊಡೆದು ಕೊಂದಿದ್ದು ನೆನಪಿರಬಹುದು. ಹತ್ತು ಗಂಟೆಗೆ ಐದರಲ್ಲಿ ಒಬ್ಬರಿಗೆ ಮಾತ್ರ ಗೊತ್ತಿದ್ದ ಸುದ್ದಿ ಅರ್ಧ ಗಂಟೆಯಲ್ಲಿ ಊರನ್ನೇ ತುಂಬುತ್ತೆ. ತಡೆಯೋದಾದರೆ ಮೊದಲ ಸುತ್ತುಗಳಲ್ಲೇ ತಡೆಯಬೇಕು. ಇದನ್ನು ಹತ್ತನೇ ವಯಸ್ಸಿನಲ್ಲಿ ಲೆಕ್ಕ ಮಾಡಿ ನೋಡಿದ ಮಗು ಮುಂದೆ ಫಾರ್ವರ್ಡ್ ಒತ್ತುವ ಮುಂಚೆ ಒಂದು ಕ್ಷಣ ನಿಲ್ಲಬಹುದು.

1935ರ ಅಕ್ಟೋಬರ್‌ನಲ್ಲಿ, ಲೆನಿನ್‌ಗ್ರಾಡ್‌ನ ಫೊಂಟಾಂಕಾ ನದಿ ಪಕ್ಕದ ಹಳೇ ಶೆರೆಮೆಟೆವ್ ಅರಮನೆಯಲ್ಲಿ ಪೆರೆಲ್ಮನ್ ಮತ್ತು ಗೆಳೆಯರು ಮೋಜಿನ ವಿಜ್ಞಾನದ ಮನೆಯೊಂದನ್ನು ತೆರೆದರು. ಶ್ರೀಮಂತ ಮನೆತನದ ಅರಮನೆಯೊಳಗೆ ಈಗ ಶಾಲಾ ಮಕ್ಕಳು, ಕಾರ್ಖಾನೆ ಕೆಲಸಗಾರರು. ಬೇರೆ ವಸ್ತುಸಂಗ್ರಹಾಲಯಗಳಲ್ಲಿ ಮುಟ್ಟಬೇಡಿ ಅಂತಿದ್ದರೆ ಇಲ್ಲಿ ಮುಟ್ಟಿ, ತಿರುಗಿಸಿ, ಬೇಕಾದರೆ ಬಿಚ್ಚಿ ನೋಡಿ ಅನ್ನೋದೇ ನಿಯಮ. ಗಣಿತದ ಕೋಣೆಯಲ್ಲಿ ಹತ್ತು ಲಕ್ಷ ಸಣ್ಣ ಚುಕ್ಕೆಗಳನ್ನು ಮೂಡಿಸಿದ್ದರು. ಹತ್ತು ಲಕ್ಷ ಅಂದರೆ ಎಷ್ಟು ಅಂತ ಕಣ್ಣಾರೆ ಕಾಣಲಿ ಅಂತ.

ಆ ಚುಕ್ಕೆಗಳು ನಮಗೂ ಬೇಕು. ಲಕ್ಷ, ಕೋಟಿ, ಲಕ್ಷ ಕೋಟಿ ಎಲ್ಲವೂ ಕಿವಿಗೆ ಒಂದೇ ಥರ ಕೇಳುತ್ತವೆ. ಸೆಕೆಂಡುಗಳಲ್ಲಿ ಎಣಿಸಿ ನೋಡಿ. ಒಂದು ಲಕ್ಷ ಸೆಕೆಂಡ್ ಅಂದರೆ ಸುಮಾರು 28 ಗಂಟೆ. ಒಂದು ಕೋಟಿ ಸೆಕೆಂಡ್ ಅಂದರೆ 116 ದಿನ. ಒಂದು ಲಕ್ಷ ಕೋಟಿ ಸೆಕೆಂಡ್ ಅಂದರೆ 31,700 ವರ್ಷ! 2025-26ರ ಕರ್ನಾಟಕ ಬಜೆಟ್‌ನ ಗಾತ್ರ 4.09 ಲಕ್ಷ ಕೋಟಿ ರೂಪಾಯಿ. ಇದನ್ನು 2011ರ ಜನಸಂಖ್ಯೆಯಿಂದ ಭಾಗಿಸಿದರೆ ತಲೆಗೆ ಸುಮಾರು 67 ಸಾವಿರ. ಇಷ್ಟು ಮಾಡಿದ ಮೇಲೆ, ನನ್ನ ಊರಿಗೆ, ನನ್ನ ಶಾಲೆಗೆ ಏನು ಬಂತು ಅಂತ ಕೇಳೋದಕ್ಕೆ ಅರ್ಥಶಾಸ್ತ್ರದ ಪದವಿ ಬೇಕಿಲ್ಲ.

ಇಲ್ಲಿ ಒಂದು ಮಾತು ಮುಚ್ಚಿಡಬಾರದು. ಆ ಚುಕ್ಕೆಗಳನ್ನು ನೋಡಲು ಮಕ್ಕಳು ಸಾಲು ನಿಂತಿದ್ದ ಅದೇ ವರ್ಷಗಳಲ್ಲಿ ಸ್ಟಾಲಿನ್ ಸರ್ಕಾರ ಅಂಕಿಗಳಿಗೆ ಹೆದರುತ್ತಿತ್ತು. 1937ರ ಜನವರಿಯಲ್ಲಿ ನಡೆದ ಜನಗಣತಿಯಲ್ಲಿ ಸಿಕ್ಕ ಸಂಖ್ಯೆ ಸುಮಾರು 16.2 ಕೋಟಿ. ಸರ್ಕಾರ ನಿರೀಕ್ಷಿಸಿದ್ದಕ್ಕಿಂತ ಲಕ್ಷಾಂತರ ಕಡಿಮೆ. ಬರಗಾಲದಲ್ಲಿ ಸತ್ತವರು ಆ ಕಳೆಯುವಿಕೆಯಲ್ಲಿ ಕಾಣಿಸಿಬಿಟ್ಟರು. ಗಣತಿಯನ್ನೇ ರದ್ದು ಮಾಡಿದರು, ಎಣಿಸಿದ ಅಧಿಕಾರಿಗಳನ್ನು ಬಂಧಿಸಿದರು, ಕೆಲವರನ್ನು ಗುಂಡಿಟ್ಟು ಕೊಂದರು. ಪೆರೆಲ್ಮನ್ ಜೊತೆ ಪತ್ರ ವ್ಯವಹಾರವಿದ್ದ ರಾಕೆಟ್ ಎಂಜಿನಿಯರ್ ಕೊರೊಲೆವ್ 1938ರಲ್ಲಿ ಜೈಲು ಸೇರಿದರು. ಪೆರೆಲ್ಮನ್ ಪುಸ್ತಕಗಳನ್ನು ರಾಶಿ ರಾಶಿ ಅಚ್ಚು ಹಾಕಿದ್ದೂ ಅದೇ ಸರ್ಕಾರ. ಎರಡೂ ನಿಜ. ಎಡಪಂಥದ ಗೆಳೆಯರು ಮೊದಲನೆಯದನ್ನು, ಬಲಪಂಥದವರು ಎರಡನೆಯದನ್ನು ಮರೆಯಲು ಇಷ್ಟಪಡುತ್ತಾರೆ.

ಎಣಿಕೆಗೆ ಸರ್ಕಾರಗಳು ಯಾಕೆ ಹೆದರುತ್ತವೆ ಅನ್ನೋದು ನಮಗೆ ಹೊಸ ಪ್ರಶ್ನೆಯೇನಲ್ಲ. 2021ರಲ್ಲಿ ಆಗಬೇಕಿದ್ದ ನಮ್ಮ ಜನಗಣತಿ ಮುಂದಕ್ಕೆ ಹೋಗುತ್ತಲೇ ಬಂತು. ಹಾಗಾಗಿಯೇ ಈ ಲೇಖನದಲ್ಲೂ ನಾನು 2011ರ ಅಂಕಿಯನ್ನೇ ಎರಡು ಸಲ ಬಳಸಬೇಕಾಯಿತು. ಜಾತಿ ಲೆಕ್ಕದ ಕಥೆಯಂತೂ ನಿಮಗೆ ಗೊತ್ತೇ ಇದೆ. ಲೆಕ್ಕ ಕೇಳುವ ಜನ ಇದ್ದಾಗ ಮಾತ್ರ ಲೆಕ್ಕ ಕೊಡುವ ಸರ್ಕಾರ ಇರುತ್ತದೆ.

1941ರ ಜೂನ್‌ನಲ್ಲಿ ಹಿಟ್ಲರ್ ದಾಳಿ ಶುರುವಾಗಿ ಒಂದು ವಾರಕ್ಕೆ ಮೋಜಿನ ವಿಜ್ಞಾನದ ಮನೆ ಬಾಗಿಲು ಹಾಕಿತು. ಅಲ್ಲಿದ್ದ ಮಾದರಿಗಳು ಯುದ್ಧದಲ್ಲಿ ನಾಶವಾದವು. ಸೆಪ್ಟೆಂಬರ್‌ನಲ್ಲಿ ಜರ್ಮನ್ ಸೈನ್ಯ ಲೆನಿನ್‌ಗ್ರಾಡನ್ನು ಸುತ್ತುವರಿಯಿತು. ಐವತ್ತೆಂಟು ದಾಟಿದ್ದ ಪೆರೆಲ್ಮನ್ ಸುಮ್ಮನೆ ಕೂರಲಿಲ್ಲ. ದಿಕ್ಸೂಚಿ ಇಲ್ಲದೆ ದಿಕ್ಕು ಗುರುತಿಸೋದು, ಕೈಗೆ ಸಿಕ್ಕ ವಸ್ತುಗಳಿಂದಲೇ ದೂರ ಅಳೆಯೋದು ಹೇಗೆ ಅಂತ ಸೈನಿಕರಿಗೆ, ನೌಕಾಪಡೆಯವರಿಗೆ ಪಾಠ ಹೇಳಿದರು. ಅವರ ಪುಸ್ತಕಗಳಲ್ಲಿ ಆಟವಾಗಿದ್ದದ್ದು ಈಗ ಜೀವ ಉಳಿಸುವ ವಿದ್ಯೆಯಾಯಿತು.

ನವೆಂಬರ್ 20ರಿಂದ ಡಿಸೆಂಬರ್ 25ರವರೆಗೆ ಕಾರ್ಖಾನೆ ಕೆಲಸದಲ್ಲಿಲ್ಲದ ನಾಗರಿಕರಿಗೆ ಸಿಗುತ್ತಿದ್ದ ರೊಟ್ಟಿ ದಿನಕ್ಕೆ 125 ಗ್ರಾಂ. ಆ ರೊಟ್ಟಿಯ ಹಿಟ್ಟಿಗೂ ಏನೇನೋ ಬೆರೆಸುತ್ತಿದ್ದರು. 1942ರ ಜನವರಿಯಲ್ಲಿ ಅನ್ನಾ ಆಸ್ಪತ್ರೆಯಲ್ಲಿ ಡ್ಯೂಟಿಯಲ್ಲಿದ್ದಾಗಲೇ ಹಸಿವಿನಿಂದ ಬಳಲಿ ಸತ್ತರು. ಎರಡು ತಿಂಗಳ ನಂತರ, ಮಾರ್ಚ್ 16ರಂದು, ಯಾಕೊವ್ ಪೆರೆಲ್ಮನ್ ಕೂಡ ಹಸಿವಿಗೇ ಬಲಿಯಾದರು. ವಯಸ್ಸು 59. ಆ ಮುತ್ತಿಗೆಯಲ್ಲಿ ಸತ್ತ ಲಕ್ಷಾಂತರ ಜನರಲ್ಲಿ ಅವರೂ ಒಬ್ಬರಾದರು.

ಪುಸ್ತಕಗಳು ಮಾತ್ರ ಪ್ರಯಾಣ ನಿಲ್ಲಿಸಲಿಲ್ಲ. ಹತ್ತಾರು ಭಾಷೆಗಳಿಗೆ ಹೋದವು. ಚಂದ್ರನ ನಮಗೆ ಕಾಣದ ಮಗ್ಗುಲಿನ ಒಂದು ಕುಳಿಗೆ ಅವರ ಹೆಸರಿದೆ. ಪ್ವಾಂಕರೆ ಸಮಸ್ಯೆ ಬಿಡಿಸಿ ಹತ್ತು ಲಕ್ಷ ಡಾಲರ್ ಬಹುಮಾನ ಬೇಡ ಅಂದ ಗ್ರಿಗೊರಿ ಪೆರೆಲ್ಮನ್ ಬೇರೆಯವರು, ಇವರ ಸಂಬಂಧಿ ಅಲ್ಲ. ಆದರೆ ಲೆನಿನ್‌ಗ್ರಾಡ್‌ನಲ್ಲೇ ಬೆಳೆದ ಆ ಹುಡುಗನಿಗೆ ಅವನಪ್ಪ ಕೊಟ್ಟ ಪುಸ್ತಕಗಳಲ್ಲಿ ಯಾಕೊವ್ ಪೆರೆಲ್ಮನ್‌ರದ್ದೂ ಇತ್ತು.

ಇನ್ನು ನಮ್ಮ ಚಿಕ್ಕಮ್ಮ. ಎಸ್ಸೆಸ್ಸೆಲ್ಸಿಯಲ್ಲಿ ಗಣಿತ ಫೇಲಾಗಿ ಓದು ನಿಲ್ಲಿಸಿದವರು. ನನಗೆ ಲೆಕ್ಕ ಬರೋದಿಲ್ಲಪ್ಪ ಅಂತ ಅವರೇ ಹೇಳಿಕೊಂಡು ತಿರುಗುತ್ತಾರೆ. ಆದರೆ ಇಪ್ಪತ್ತು ಜನರ ಚೀಟಿ ನಡೆಸುತ್ತಾರೆ. ಯಾರು ಎಷ್ಟಕ್ಕೆ ಕೂಗಿದರು, ಉಳಿದವರಿಗೆ ತಲಾ ಎಷ್ಟು ಬಂತು, ಯಾರ ಬಾಕಿ ಎಷ್ಟು, ಎಲ್ಲವನ್ನೂ ಕಾಗದ ಪೆನ್ನಿಲ್ಲದೆ ಹೇಳುತ್ತಾರೆ. ಅದೇ ಗಣಿತ ಅಂತ ಅವರಿಗೆ ಯಾರೂ ಹೇಳಿರಲಿಲ್ಲ. ಶಾಲೆ ಕೊಟ್ಟಿದ್ದು ಭಯ. ಆ ಭಯ ಇದ್ದಿದ್ದರಿಂದಲೇ ಕೋಟು ಹಾಕಿಕೊಂಡು ಬಂದವನು ಬೋರ್ಡಿನ ಮೇಲೆ ಚಿತ್ರ ಬರೆದಾಗ ಚಿಕ್ಕಮ್ಮ ಮರುಪ್ರಶ್ನೆ ಕೇಳಲಿಲ್ಲ. ಪುಸ್ತಕ ಮನೆಯಲ್ಲಿದ್ದರೂ ಅದು ಇದ್ದದ್ದು ಇಂಗ್ಲಿಷಿನಲ್ಲಿ. ಎಲ್ಲರಿಗೂ ಎಟುಕುವ ಗಣಿತ ಅಂದರೆ ಮೊದಲು ಅವರ ಭಾಷೆಯಲ್ಲಿ ಎಟುಕಬೇಕು. ಕಡಿಮೆ ಬೆಲೆಯ ಪುಸ್ತಕ, ಊರೂರಿಗೆ ತೆರೆದಿರುವ ಗ್ರಂಥಾಲಯ, ಮುಟ್ಟಿ ನೋಡಬಹುದಾದ ಪ್ರಯೋಗಾಲಯ ಬೇಕು. ಪೆರೆಲ್ಮನ್ ಒಬ್ಬರೇ ಬರೆದದ್ದು ನಿಜ, ಆದರೆ ಅವರ ಹಿಂದೆ ಪತ್ರಿಕೆ, ಶಾಲೆ, ಅಚ್ಚುಕೂಟ, ಅರಮನೆಯೊಂದರ ಕೋಣೆಗಳು ಎಲ್ಲ ಇದ್ದವು.

ಕಳೆದ ಯುಗಾದಿಗೆ ಊರಿಗೆ ಹೋದಾಗ ಚಿಕ್ಕಮ್ಮನಿಗೆ ಆ ಸೈಕಲ್ ಕಥೆಯನ್ನು ಕನ್ನಡದಲ್ಲಿ ಹೇಳಿದೆ. ಹುಣಸೆ ಬೀಜ ಜೋಡಿಸುತ್ತಾ ಹೋದೆ. ನಾಲ್ಕು, ಹದಿನಾರು, ಅರವತ್ನಾಲ್ಕು. ನಾಲ್ಕನೇ ಸುತ್ತಿಗೆ ಬೀಜ ಸಾಲಲಿಲ್ಲ. ಚಿಕ್ಕಮ್ಮ ನನ್ನ ಕೈ ಹಿಡಿದು ನಿಲ್ಲಿಸಿದರು. ನಮ್ಮೂರಲ್ಲಿ ಅಷ್ಟು ಮನೆ ಎಲ್ಲಿದ್ದವು ಅಂತ ತಮಗೆ ತಾವೇ ಕೇಳಿಕೊಂಡರು. ಸ್ವಲ್ಪ ಹೊತ್ತು ಸುಮ್ಮನಿದ್ದು, ಆ ಪಕ್ಕದ ಬೀದಿಯ ಇಬ್ಬರನ್ನೂ ಕರೆದು ಇದನ್ನೇ ಇನ್ನೊಂದು ಸಲ ಹೇಳ್ತೀಯಾ ಅಂದರು.